ಬಯಲಿನ ಕಲ್ಲು

ಫೆಬ್ರವರಿ ೧೮, ಬುಧವಾರ. ಬುಕ್ಕಾಪಟ್ಟಣ.

ಆ ಕಲ್ಲನ್ನು ನಾನು ಮುಟ್ಟಬಾರದಿತ್ತು.

ನಮ್ಮ ಸೀಮೆಯ ಈ ಸಿನಿಮಾ ಏನೂ ಇಲ್ಲದ ಬಯಲಿನಿಂದಲೇ ಶುರುವಾಗಬೇಕೆಂದು ಮೂರು ವರ್ಷದಿಂದ ಹಟ ಹಿಡಿದವಳು ನಾನು. ಬೆಳಿಗ್ಗೆ ಫ್ರೇಮಿನ ನಡುವೆ ಗೇಣುದ್ದದ ಕಲ್ಲೊಂದು ಅಡ್ಡ ಬಂತು. ಕಿತ್ತು ಪೊದೆಯ ಮರೆಗೆ ಹಾಕಿ, ಮಣ್ಣನ್ನು ಕಾಲಿನಿಂದ ಸವರಿಬಿಟ್ಟೆ. ಶಾಟ್ ಚೆನ್ನಾಗಿಯೇ ಬಂತು, ಹಾಳಾದ್ದು.

ಆಮೇಲೆ ಕುರಿ ಹೊಡೆದುಕೊಂಡು ಹೋಗುತ್ತಿದ್ದ ಚಿಕ್ಕಹನುಮಕ್ಕ ದಾರಿಯಲ್ಲೇ ನಿಂತು, ಏನು ಹಿಡಿಯುತ್ತಿದ್ದೀಯೆಂದು ಕೇಳಿದಳು. ಖಾಲಿ ಬಯಲು ಎಂದೆ.

"ಖಾಲಿ ಎಲ್ಲೈತೆ ಕಣಮ್ಮ? ನಮ್ಮವ್ವನ್ನ ಅಲ್ಲೇ ಮಣ್ಣು ಮಾಡಿರಾದು. ಗುರ್ತಿಗೆ ಒಂದು ಕಲ್ಲು ನೆಟ್ಟಿದೀನಿ. ನಿನ್ನ ಸಿನ್ಮಾದಾಗೆ ಕಾಣ್ತೈತಾ?"

ಕಾಣುತ್ತದೆ ಎಂದುಬಿಟ್ಟೆ. ಯಾಕೆ ಹಾಗೆಂದೆನೋ.

"ಅಂಗಾರೆ ನಾಳೆ ಬಂದು ನೋಡ್ತೀನಿ ಬುಡು."

ಸಂಜೆ ಹೋಗಿ ಹುಡುಕಿದೆ. ಪೊದೆಯಲ್ಲಿ ಕಲ್ಲು ಸಿಕ್ಕಿತು, ಅದನ್ನು ಕಿತ್ತ ಜಾಗ ಸಿಗಲಿಲ್ಲ. ಅಲ್ಲೆಲ್ಲ ಕುರಿಗಳ ಹೆಜ್ಜೆ. ಕಲ್ಲನ್ನು ರೂಮಿಗೆ ತಂದು ಬಾಗಿಲ ಪಕ್ಕ ಇಟ್ಟಿದ್ದೇನೆ. ಅದರ ಕಡೆ ನೋಡಲಾಗುತ್ತಿಲ್ಲ.

ಈಗ ಆ ಶಾಟನ್ನೇ ಮತ್ತೆ ಮತ್ತೆ ಹಾಕಿ ಜಾಗ ಹುಡುಕುತ್ತಿದ್ದೇನೆ. ಎಷ್ಟು ಸಲ ನೋಡಿದರೂ ಖಾಲಿ ಬಯಲು. ನಾನು ಬಯಸಿದ ಹಾಗೆಯೇ.