ಉಂಡೆರಾಯನ ಒಂಬತ್ತನೆಯ ಪಟ್ಟಿ

ಮಾರ್ಚ್ 16, ಭಾನುವಾರ

ಮಗಳೇ,

ನೀನೂ ಅಳಿಯಂದಿರೂ ಹೊತ್ತಿಗೆ ಸರಿಯಾಗಿ ಊಟ ಮಾಡುತ್ತಿದ್ದೀರಿ ಎಂದು ನಂಬಿಕೊಂಡು ಬರೆಯಲು ಕೂತಿದ್ದೇನೆ. ನಂಬಿಕೆಯಿಲ್ಲ ಅಂತ ಬಾಯಿ ಬಿಟ್ಟರೆ ನಿನ್ನ ಅಮ್ಮ ಪೆನ್ನು ಕಿತ್ತುಕೊಂಡು ತಾನೇ ಬರೆಯುತ್ತಾಳೆ, ಆಮೇಲೆ ನಿನಗೆ ಪುಟದ ತುಂಬ ಬೈಗುಳವೇ ಸಿಗುತ್ತದೆ. ಉತ್ತರ ಈ ಸಲ ತುಂಬಾ ತಡವಾಯಿತು, ಬೇಜಾರು ಮಾಡಿಕೊಳ್ಳಬೇಡ. ನಿನ್ನ ಪತ್ರ ಮೇಜಿನ ಮೇಲೆ ಕೂತು ದಿನಾ ನನ್ನನ್ನೇ ದುರುಗುಟ್ಟಿಕೊಂಡು ನೋಡುತ್ತಿತ್ತು. ಹೇಳುವ ಸುದ್ದಿ ಎರಡಿದ್ದವು, ಒಂದು ಹಗುರ, ಒಂದು ಭಾರ. ಯಾವುದನ್ನು ಮೊದಲು ಹೇಳಲಿ ಎಂದು ಮೀನಮೇಷ ಎಣಿಸುತ್ತಾ ಕೂತೆ.

ಭಾರದ್ದನ್ನೇ ಮೊದಲು ಇಳಿಸಿಬಿಡುತ್ತೇನೆ. ನನ್ನ ಗಂಟಲು ಒಡೆದಿದೆ ಎಂದು ನಾವೆಲ್ಲ ಇಷ್ಟು ವರ್ಷ ತಮಾಷೆ ಮಾಡುತ್ತಿದ್ದೆವಲ್ಲ, ಅದು ತಮಾಷೆಯಾಗಿ ಉಳಿಯಲಿಲ್ಲ. ಒಳಗೆ ಕೆಟ್ಟ ಗಡ್ಡೆ ಬೆಳೆದಿದೆಯಂತೆ. ಬರುವ ಗುರುವಾರ ಆಪರೇಷನ್. ಧ್ವನಿಪೆಟ್ಟಿಗೆಯನ್ನೇ ತೆಗೆಯುತ್ತಾರೆ. ಜೀವದ ಮಟ್ಟಿಗೆ ಧೈರ್ಯವಾಗಿರಿ ಎಂದು ಡಾಕ್ಟರು ಹೇಳಿದ್ದಾರೆ, ನೀನೂ ಧೈರ್ಯವಾಗಿರು. ದನಿ ಮಾತ್ರ ಹೋಗುತ್ತದೆ. ಅಷ್ಟರೊಳಗೆ ಫೋನ್ ಮಾಡು ಎಂದು ನಾನು ಕೇಳುತ್ತಿಲ್ಲ ಮಗಳೇ. ಅದು ನಿನ್ನಿಂದ ಆಗುವುದಿಲ್ಲ ಎಂದು ನನಗೆ ಗೊತ್ತು.

ಇನ್ನು ಹಗುರದ ಸುದ್ದಿ. ನಮ್ಮ ಟೀವಿ ಕೇಂದ್ರದವರು ಹಳೆಯ ಬೊಂಬೆಗಳ ಧೂಳು ಕೊಡವಿ ಒಂದು ಪ್ರದರ್ಶನ ಏರ್ಪಡಿಸುತ್ತಿದ್ದಾರೆ. ಬಾಗಿಲಿಗೆ ಎದುರಾಗಿ ಗಾಜಿನ ಪೆಟ್ಟಿಗೆಯಲ್ಲಿ ನಮ್ಮ ಉಂಡೆರಾಯ. ಕತ್ತೆ ಕಿವಿ, ಇಲಿ ಮೂತಿ, ಬೆನ್ನ ಮೇಲೆ ಚಿಪ್ಪು ಹೊತ್ತ ಆ ಆರ್ಮಡಿಲೊ ಬೊಂಬೆಯೊಳಗೆ ಕೈ ತೂರಿಸಿಕೊಂಡೇ ನಾನು ಅರ್ಧ ಆಯಸ್ಸು ಕಳೆದೆ. ಬೇರೆ ಬೊಂಬೆಗಳಿಗೆಲ್ಲ ಕೀರಲು ದನಿಯೋ ಗೊಗ್ಗರು ದನಿಯೋ ಕಟ್ಟಿ ಕೊಡುತ್ತಿದ್ದೆ. ಉಂಡೆರಾಯನಿಗೆ ಮಾತ್ರ ನನ್ನ ಸ್ವಂತ ಒಡಕು ದನಿಯನ್ನೇ ಕೊಟ್ಟೆ. ಬಸ್ಸಿನಲ್ಲಿ ಟಿಕೆಟ್ ಕೇಳಿದರೆ ಹಿಂದಿನ ಸೀಟಿನ ಮಕ್ಕಳು ಎದ್ದು ನಿಲ್ಲುತ್ತಿದ್ದದ್ದು ನೆನಪಿದೆಯಾ? ನೀನು ನಾಚಿಕೆಯಿಂದ ಕಿಟಕಿಯ ಕಡೆ ತಿರುಗುತ್ತಿದ್ದೆ.

ಪ್ರದರ್ಶನದ ಉಸ್ತುವಾರಿ ಒಬ್ಬ ಹುಡುಗಿಯದು. ಪುಸ್ತಕಗಳಲ್ಲಿ, ಸಿನಿಮಾಗಳಲ್ಲಿ, ಜಾಹೀರಾತುಗಳಲ್ಲಿ ಬಂದ ಆರ್ಮಡಿಲೊಗಳನ್ನೆಲ್ಲ ಗೋಡೆಗೆ ಹಾಕಬೇಕು, ಹುಡುಕಿಕೊಡಿ ಸಾರ್ ಎಂದು ಗಂಟುಬಿದ್ದಳು. ನನಗೇನು ಹುಡುಕುವ ಕಷ್ಟ? ಜನ ಕೊಟ್ಟದ್ದೇ ಅಟ್ಟದ ಮೇಲೆ ಪೆಟ್ಟಿಗೆ ತುಂಬ ಇದೆ. ಇಳಿಸಿಕೊಂಡು ಕೂತೆ. ಒಂದು ಹಳೆಯ ಪ್ರವಾಸಕಥನದ ಚಿತ್ರದಲ್ಲಿ ಅದು ಕವಚ ತೊಟ್ಟು ಯುದ್ಧಕ್ಕೆ ಹೊರಟ ಹಂದಿ. ಚಿತ್ರ ಬರೆದವನು ಪ್ರಾಣಿಯನ್ನು ಕಂಡೇ ಇರಲಿಲ್ಲ ಎಂದು ಬಾಲ ನೋಡಿದರೇ ಗೊತ್ತಾಗುತ್ತದೆ. ಬೀಗದ ಕಂಪನಿಯ ಕ್ಯಾಲೆಂಡರಿನಲ್ಲಿ ಅದು ಕಾವಲುಗಾರ. ಕಾಮಿಕ್ಸಿನಲ್ಲಿ ದಂಡನಾಯಕ, ಕಂಪ್ಯೂಟರ್ ಆಟದಲ್ಲಿ ಉರುಳಿಕೊಂಡು ಬರುವ ಚೆಂಡು. ಮಕ್ಕಳ ಚಿತ್ರಪುಸ್ತಕಗಳಲ್ಲಂತೂ ಪಾಪ, ಅದಕ್ಕೆ ಸ್ನೇಹಿತರೇ ಇಲ್ಲ. ಕೊನೆಯ ಪುಟದಲ್ಲಿ ಮೊಲವೋ ಆಮೆಯೋ ಬಂದು ಚಿಪ್ಪು ತಟ್ಟಬೇಕು. ಯಾರು ಬರೆದರೂ ಒಂದು ಮಾತು ಮಾತ್ರ ತಪ್ಪುವುದಿಲ್ಲ: ಹೆದರಿಕೆಯಾದರೆ ಉಂಡೆಯಾಗುತ್ತದೆ.

ನಾವೂ ಅದನ್ನೇ ಕಣ್ಣುಮುಚ್ಚಿ ನಂಬಿದವರು. ಬೊಂಬೆ ಹೊಲಿದ ಹೊಲಿಗೆಯಕ್ಕ ನಿನಗೆ ಗೊತ್ತಲ್ಲ, ಬಾಯಲ್ಲಿ ಸೂಜಿ ಕಚ್ಚಿಕೊಂಡೇ ಜಗಳವಾಡುತ್ತಿದ್ದವರು. ಅವರು ಯಾವುದೋ ಪುಸ್ತಕದ ಚಿತ್ರ ಮುಂದಿಟ್ಟುಕೊಂಡು ಬೆನ್ನಿಗೆ ಒಂಬತ್ತು ಅಡ್ಡಪಟ್ಟಿ ಹೊಲಿದರು, ಒಳಗೆ ಸ್ಪ್ರಿಂಗ್ ಇಟ್ಟರು, ನಾನು ಮುಷ್ಟಿ ಬಿಗಿದರೆ ಉಂಡೆರಾಯ ಟಪ್ಪನೆ ಉಂಡೆಯಾಗುತ್ತಿದ್ದ. ಊರೆಲ್ಲ ಚಪ್ಪಾಳೆ ತಟ್ಟಿತು. ತಪ್ಪು ಹಿಡಿದವಳು ನಿನ್ನ ಮಗಳು, ನಮ್ಮ ಗುಬ್ಬಿ ಒಬ್ಬಳೇ.

ಅವಳ ಹೆಸರೆತ್ತಲೋ ಬೇಡವೋ ಎಂದು ಇಲ್ಲಿ ಪೆನ್ನು ಕೆಳಗಿಟ್ಟು ಒಂದು ಸುತ್ತು ಅಡುಗೆಮನೆಗೆ ಹೋಗಿಬಂದೆ. ಎತ್ತದಿದ್ದರೆ ಅವಳು ನಮ್ಮ ಮನೆಯಲ್ಲಿ ಇರಲೇ ಇಲ್ಲ ಎಂದ ಹಾಗಾಗುತ್ತದೆ. ನೀನು ಈ ಪುಟವನ್ನು ಓದದೆ ಮಡಚಿಟ್ಟರೂ ಸರಿ, ನಾನು ಬರೆಯುತ್ತೇನೆ.

ರಜಕ್ಕೆ ಬಂದವಳು ಶಾಲೆಯ ಲೈಬ್ರರಿ ಪುಸ್ತಕವನ್ನು ಎದೆಗವಚಿಕೊಂಡು ಸೀದಾ ಸ್ಟುಡಿಯೋಗೇ ಬಂದಳು. ನನ್ನ ಮುಖವನ್ನೇ ನೋಡಲಿಲ್ಲ, ಬೊಂಬೆಯನ್ನೇ ವಿಚಾರಿಸಿಕೊಂಡಳು. "ಉಂಡೆರಾಯಾ, ನಿಂಗೆ ಒಂಬತ್ತು ಪಟ್ಟಿ ಇದೆ. ಒಂಬತ್ತು ಪಟ್ಟಿಯವ್ರು ಉಂಡೆ ಆಗೋಕೆ ಬರಲ್ಲ. ಮೂರು ಪಟ್ಟಿಯವ್ರು ಮಾತ್ರ ಆಗ್ತಾರೆ. ಒಂಬತ್ತು ಪಟ್ಟಿಯವ್ರು ಹೆದ್ರಿದ್ರೆ ಮೇಲಕ್ಕೆ ಹಾರ್ತಾರೆ. ಇಷ್ಟು ದಿನ ಯಾಕೆ ಸುಳ್ಳು ಹೇಳ್ದೆ?"

ನಾನು ತಬ್ಬಿಬ್ಬಾದೆ. ಉಂಡೆರಾಯ ತಬ್ಬಿಬ್ಬಾಗುವವನಲ್ಲ. "ಶ್! ಮೆತ್ತಗೆ ಮಾತಾಡೇ ಮಾರಾಯ್ತಿ. ನಂಗಿರೋದು ಮೂರೇ ಪಟ್ಟಿ. ಉಳಿದ ಆರು ಬಾಡಿಗೆಗೆ ತಂದದ್ದು. ಟೀವಿಯಲ್ಲಿ ಸ್ವಲ್ಪ ಠೀವಿಯಾಗಿ ಕಾಣ್ಲಿ ಅಂತ" ಎಂದ. ಹೊಲಿಗೆಯಕ್ಕ ಬಾಯಲ್ಲಿದ್ದ ಸೂಜಿ ಬೀಳುವ ಹಾಗೆ ನಕ್ಕರು. ಅಂದಿನಿಂದ ಫೋನ್ ಮಾಡಿದಾಗಲೆಲ್ಲ ಗುಬ್ಬಿಯ ಮೊದಲ ಪ್ರಶ್ನೆ ಅದೇ: "ತಾತಾ, ಉಂಡೆರಾಯ ಬಾಡಿಗೆ ಕಟ್ಟಿದ್ನಾ?" ತಾತ ಹೇಗಿದ್ದಾನೆ ಎಂದು ಒಂದು ದಿನವಾದರೂ ಕೇಳಿದಳೇ, ಕಳ್ಳಿ!

ಅವಳು ಆಸ್ಪತ್ರೆ ಸೇರಿದ ಮೇಲೆ ನಾನು ಬೊಂಬೆಯನ್ನು ಚೀಲದಲ್ಲಿಟ್ಟುಕೊಂಡು ಬರುತ್ತಿದ್ದೆ. ನೀನು ಔಷಧಿಗೆಂದು ಕೆಳಗಿಳಿದಿದ್ದಾಗ ನಡೆದ ಮಾತು ಇದು, ನಿನಗೆ ಇಷ್ಟು ದಿನ ಹೇಳಿರಲಿಲ್ಲ. ಸೂಜಿ ಚುಚ್ಚಿ ಚುಚ್ಚಿ ಅವಳ ಕೈ ನೀಲಿಗಟ್ಟಿತ್ತು. ಅವಳು ಉಂಡೆರಾಯನ ಕಿವಿ ಹಿಡಿದು ಹತ್ತಿರ ಎಳೆದುಕೊಂಡು, "ನಂಗೂ ಒಂದು ಪಟ್ಟಿ ಬಾಡಿಗೆಗೆ ಕೊಡ್ತೀಯಾ? ಚುಚ್ಚೋದು ತಾಗಬಾರ್ದು" ಅಂದಳು. ಉಂಡೆರಾಯ, "ಬಾಡಿಗೆ ಯಾಕೆ, ನಿಂಗೇ ಇಟ್ಕೋ" ಅಂದ. ನಾನು ಹೋಗಿ ಹೇಳಿದ ಕೂಡಲೇ ಹೊಲಿಗೆಯಕ್ಕ ಅವನ ಬೆನ್ನಿನ ಒಂದು ಪಟ್ಟಿ ಬಿಚ್ಚಿ, ಒಳಗೆ ಮೆತ್ತನೆಯ ಬಟ್ಟೆ ಇಟ್ಟು ಹೊಲಿದುಕೊಟ್ಟರು. ಅವಳ ಮಣಿಕಟ್ಟಿನಲ್ಲಿ ನೀನು ಕಂಡ ಆ ಬೂದು ಬಣ್ಣದ ಪಟ್ಟಿ ಅದೇ. ಕೊನೆಗೆ ಅದನ್ನು ಬಿಚ್ಚುವುದು ಬೇಡ ಎಂದು ಅಳಿಯಂದಿರು ಹೇಳಿದರು. ಅವಳ ಜೊತೆಗೇ ಹೋಯಿತು.

ಹೀಗಾಗಿ ಗಾಜಿನ ಪೆಟ್ಟಿಗೆಯಲ್ಲಿರುವ ಉಂಡೆರಾಯನಿಗೆ ಎಂಟೇ ಪಟ್ಟಿ. ಫಲಕದಲ್ಲಿ ಒಂಬತ್ತು ಎಂದು ಅಚ್ಚಾಗಿಬಿಟ್ಟಿದೆ. ಪ್ರದರ್ಶನದ ಹುಡುಗಿ ಗಾಬರಿಯಾಗಿ, "ಸಾರ್, ಹೊಲಿಗೆಯಕ್ಕನ ಹತ್ರ ಹೇಳಿ ಒಂದು ಹೊಸದು ಹಾಕಿಸಿಬಿಡೋಣ, ಯಾರಿಗೂ ಗೊತ್ತಾಗಲ್ಲ" ಎಂದಳು. ಹೊಲಿಗೆಯಕ್ಕ ಈಗ ಕನ್ನಡಕ ಹಾಕಿದರೂ ಸೂಜಿಗೆ ದಾರ ಪೋಣಿಸಲಾರರು. ಆದರೂ ಎದ್ದು ನಿಂತು, "ಅದಕ್ಕೆ ಯಾರಾದ್ರೂ ಕೈ ಹಚ್ಚಿದ್ರೆ ನೋಡಿ ಮತ್ತೆ" ಎಂದು ಗದರಿದರು. ಎಣಿಸುವ ಮಕ್ಕಳು ಎಣಿಸಲಿ, ಕೇಳುವವರು ಕೇಳಲಿ ಎಂದು ನಾನೂ ಸುಮ್ಮನಾದೆ.

ನೀನು ಅಂದು ಫೋನಿನಲ್ಲಿ ಹೇಳಿದ ಮಾತಿಗೆ ನನಗೆ ಸಿಟ್ಟಿಲ್ಲ, ಇದನ್ನು ಎಷ್ಟು ಸಲ ಬರೆದರೂ ನೀನು ನಂಬುವುದಿಲ್ಲ. ಗುಬ್ಬಿ ಹೋದ ಮೇಲೆ ನಾನು ಮೊದಲ ಸಲ ಫೋನ್ ಮಾಡಿ "ಮಗಳೇ" ಎಂದೆ, ನೀನು ಚೀರಿಕೊಂಡೆ. "ಅಪ್ಪಾ, ನೀನು ಬಾಯಿ ಬಿಟ್ರೆ ಉಂಡೆರಾಯನೇ ಮಾತಾಡಿದ ಹಾಗಾಗುತ್ತೆ. ಪಕ್ಕದ ಕೋಣೆಯಿಂದ ಅವಳು ಈಗ ಓಡಿ ಬರ್ತಾಳೆ ಅಂತ ಬಾಗಿಲು ನೋಡ್ತೀನಿ. ಸ್ವಲ್ಪ ದಿನ ಮಾತಾಡ್ಬೇಡಪ್ಪಾ, ಬರೀತಾ ಇರು" ಎಂದೆ. ಸ್ವಲ್ಪ ದಿನ ಎಂದದ್ದು ಬೆಳೆದು ಇಷ್ಟು ದೊಡ್ಡದಾಯಿತು. ನೀನು ಅಮ್ಮನ ಜೊತೆ ಫೋನಿನಲ್ಲಿ ಮಾತಾಡುವಾಗ ನಾನು ಕೆಮ್ಮು ತಡೆದುಕೊಂಡು ಹಿತ್ತಿಲಿಗೆ ಹೋಗಿ ನಿಲ್ಲುತ್ತೇನೆ. ನಿನ್ನ ಅಮ್ಮ ಒಮ್ಮೊಮ್ಮೆ ರೇಗುತ್ತಾಳೆ: "ನಿಮ್ಮ ಬೊಂಬೆಗಿಂತ ನಿಮ್ಮ ಮಗಳೇ ಚೆನ್ನಾಗಿ ಉಂಡೆ ಆಗ್ತಾಳೆ." ಹೇಳಿಬಿಟ್ಟು ತಾನೇ ಅಳುತ್ತಾಳೆ. ಅವಳ ಮಾತನ್ನು ಮನಸ್ಸಿಗೆ ಹಚ್ಚಿಕೊಳ್ಳಬೇಡ.

ಈಗ ಅವಳಿಗೆ ನನ್ನ ಮೇಲೂ ಸಿಟ್ಟು ಬಂದಿದೆ. ಡಾಕ್ಟರು ಒಂದು ಉಪಾಯ ಹೇಳಿದ್ದರು. "ನಿಮ್ಮ ಹಳೇ ಕಾರ್ಯಕ್ರಮಗಳ ರೆಕಾರ್ಡಿಂಗ್ ಬೇಕಾದಷ್ಟಿವೆಯಲ್ಲ, ಅದನ್ನೆಲ್ಲ ಕಂಪ್ಯೂಟರಿಗೆ ಹಾಕಿದ್ರೆ ನೀವು ಟೈಪ್ ಮಾಡಿದ್ದನ್ನ ನಿಮ್ಮ ದನಿಯಲ್ಲೇ ಹೇಳುತ್ತೆ. ಇಂಥ ಅದೃಷ್ಟ ಎಷ್ಟು ಜನಕ್ಕಿರುತ್ತೆ?" ಎಂದರು. ನಾನು ಬೇಡ ಎಂದೆ. ದನಿ ಹೋದವರು ಕುತ್ತಿಗೆಗೆ ಒತ್ತಿ ಹಿಡಿದುಕೊಂಡು ಮಾತಾಡುವ ಸಣ್ಣ ಟಾರ್ಚಿನಂಥ ಯಂತ್ರವೇ ಸಾಕು ಎಂದೆ. "ನಿಮಗೇನು ತಲೆ ಕೆಟ್ಟಿದ್ಯಾ? ಇಡೀ ಊರು ಇಷ್ಟಪಟ್ಟ ದನಿ, ಇಟ್ಕೊಳ್ಳಿ ಅಂತ ಕೈಗೆ ಕೊಟ್ರೆ ಬೇಡ ಅಂತೀರಲ್ಲ" ಎಂದು ನಿನ್ನ ಅಮ್ಮ ಆಸ್ಪತ್ರೆಯ ಮೆಟ್ಟಿಲ ಮೇಲೇ ಜಗಳ ತೆಗೆದಳು. ವಯಸ್ಸಾದವನ ಹಟ ಎಂದು ಹೇಳಿ ನಾನೂ ತಪ್ಪಿಸಿಕೊಂಡೆ.

ನೀನು ಬರಬೇಕೆಂದು ಒತ್ತಾಯವಿಲ್ಲ. ಅಳಿಯಂದಿರಿಗೆ ನನ್ನ ಆಶೀರ್ವಾದ ಹೇಳು. ನೀನು ಚೆನ್ನಾಗಿರು. ನಿನಗೆ ನಿದ್ದೆ ಬರಲಿ, ಊಟ ರುಚಿಸಲಿ, ಪಕ್ಕದ ಕೋಣೆಯ ಬಾಗಿಲು ತೆರೆದಿಟ್ಟು ಕೂರುವಷ್ಟು ಧೈರ್ಯ ನಿಧಾನಕ್ಕಾದರೂ ಬರಲಿ. ನಿನ್ನ ತಲೆ ಮೇಲೆ ಕೈಯಿಟ್ಟಿದ್ದೇನೆ ಎಂದುಕೋ.

ಇಂತಿ,
ನಿನ್ನ ಅಪ್ಪ

ತಾ.ಕ.: ಹಟವೂ ಅಲ್ಲ, ಮಣ್ಣೂ ಅಲ್ಲ. ನಿನಗೊಬ್ಬಳಿಗೇ ಹೇಳುತ್ತೇನೆ, ಅಮ್ಮನಿಗೆ ಗೊತ್ತಾಗುವುದು ಬೇಡ. ಆ ಟಾರ್ಚಿನಂಥ ಯಂತ್ರದ ದನಿಯನ್ನು ಡಾಕ್ಟರು ಕೇಳಿಸಿದರು. ಡಬ್ಬಿಯೊಳಗೆ ಸಿಕ್ಕಿಕೊಂಡ ದುಂಬಿಯ ಹಾಗೆ ಗುಂಯ್ ಎನ್ನುತ್ತದೆ. ಯಾರ ದನಿಯೂ ಅಲ್ಲ ಅದು, ಉಂಡೆರಾಯನದಂತೂ ಅಲ್ಲವೇ ಅಲ್ಲ. ಗುಬ್ಬಿ ಕೇಳಿದರೂ ಅವಳಿಗೆ ಗುರುತು ಸಿಗುವುದಿಲ್ಲ, ನೀನು ಬಾಗಿಲು ನೋಡಬೇಕಾಗಿಲ್ಲ. ಗಾಯ ಮಾಗಿದ ಮೇಲೆ ಒಂದು ಸಲ ಫೋನ್ ಮಾಡು ಮಗಳೇ. ಆ ಕಡೆಯಿಂದ ಏನೋ ಗುಂಯ್‌ಗುಟ್ಟಿತು ಎಂದು ಇಟ್ಟುಬಿಡಬೇಡ. ಅದು ನಾನೇ.