ತೊಟ್ಟಿಲಕ್ಕ ಅಕ್ಕನ್ನ ಕರಿಯಾಕ ಬಂದೀನಿ

ಹುಮನಾಬಾದ, ಮಂಗಳವಾರ

ಅವ್ವಗ ಓಂಕಾರನ ಶರಣು.

ಫೋನಿನ್ಯಾಗ ಬಾಯಿ ಬರವಲ್ದು, ಅದ್ಕ ಈಗ ನಮ್ಮೂರು ಕಲ್ಯಾಣಕ್ಕ ಹೊಂಟ ಮಾಮಾನ ಕೈಯಾಗ ಚಿಟ್ಠಿ ಕೊಟ್ಟೀನಿ.

ಅಣ್ಣನ ಕೂಸಿನ ತೊಟ್ಟಿಲಕ್ಕ ಅಕ್ಕನ್ನ ಕರಿಯಾಕ ಬಂದ್ರ, ಅಕಿ ಅತ್ತಿ ನಕ್ಕು, "ಮಕ್ಕಳಿಲ್ದಾಕಿ ಕೂಸಿನ್ನ ಮುಟ್ಟಬಾರ್ದು, ಕಳಸಬ್ಯಾಡ್ರಿ ಅಂತ ನಿಮ್ಮವ್ವನೇ ನಿನ್ನಿ ಫೋನ್ ಹಚ್ಚಿದ್ಲಲ್ಲೋ ತಮ್ಮಾ, ನಿನಗ ಹೇಳಿಲ್ಲೇನು?" ಅಂದ್ಲು. ನೀ ಹಿಂಗ ಅಂತೀದಿ ಅಂತ ಕನಸಿನ್ಯಾಗೂ ಅನ್ಕೊಂಡಿದ್ದಿಲ್ಲ.

ಅಕ್ಕಗ ಇದು ಗೊತ್ತಿಲ್ಲ. ಕೂಸಿನ ತಲಿಗಂತ ಕೆಂಪು ಕುಂಚಗಿ ಹೊಲಿದಿಟ್ಟಾಳ. "ಸೋದರತ್ತಿ ನಾನು, ಕಿವ್ಯಾಗ ಹೆಸರು ನಾನೇ ಹೇಳಬೇಕು" ಅಂತ ಒಬ್ಬಾಕಿನೇ ನಗಾಕತ್ತಾಳ.

ನಾಳಿ ಮುಂಜಾನಿ ಬಸ್ಸಿಗಿ ಕರ್ಕೊಂಡ್ ಬರ್ತೀನಿ. ನೀನೇ ಬಾಗಿಲಕ್ಕ ಬಂದು ಕಾಲಿಗಿ ನೀರು ಕೊಡು, ಕೂಸಿನ್ನ ಅಕಿ ಉಡ್ಯಾಗ ಹಾಕು. ಆಗಂಗಿಲ್ಲಂದ್ರ ಇವತ್ತ ಸಂಜಿಕ ಅಕಿಗೇ ಫೋನ್ ಹಚ್ಚಿ ಹೇಳು. ನಾ ಅಂತೂ ಹೇಳಂಗಿಲ್ಲ.

ನಿನ್ನ ಮಗ
ಓಂಕಾರ