ನದಿಗೆ ಬೀಳುವ ಪಾತ್ರ

1957, ಏಪ್ರಿಲ್ 11, ಲೆನಿನ್‌ಗ್ರಾಡ್

ಇವತ್ತೂ ನದಿಗೆ ಬಿದ್ದೆ. ಎಲೆಕೋಸಿನ ಬುಟ್ಟಿ ಸಮೇತ. ಮೊದಲ ಟೇಕಿನಲ್ಲಿ ಬೀಳುವ ಮುಂಚೆಯೇ ಕಿರುಚಿಬಿಟ್ಟೆ. ಆಮೇಲೆ ಬುಟ್ಟಿ ಮಾತ್ರ ಬಿತ್ತು... ಕೊನೆಗೆ ಸರಿಹೋಯಿತು. ನೀರಲ್ಲಿ ಇನ್ನೂ ಮಂಜುಗಡ್ಡೆಯ ಚೂರು. ದಡ ಹತ್ತಿದಾಗ ಎಲ್ಲರೂ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ನಿರ್ದೇಶಕ ವೆನಿಯಾಮಿನ್ ಲ್ವೋವಿಚ್ ತಮ್ಮ ಕೋಟನ್ನೇ ಹೊದಿಸಿದರು.

"ನಿನ್ನನ್ನ ಸ್ಟುಡಿಯೋ ಕ್ಯಾಂಟೀನಲ್ಲಿ ತಟ್ಟೆ ತೊಳೆಯೋಕೆ ಬಿಟ್ಟಿದ್ವಲ್ಲ ಉಸ್ತ್ಯಾ, ನಮಗೆ ಬುದ್ಧಿ ಇಲ್ಲ!"

ಹೊಗಳಿಕೆಯೇ, ಆದರೂ ನಾಚಿಕೆಯಿಂದ ತಲೆ ಎತ್ತಲಾಗಲಿಲ್ಲ. ಸಿನಿಮಾದಲ್ಲಿದ್ದೇನೆ ಅಂತ ಅಮ್ಮನಿಗೆ ಗೊತ್ತು. ಏನು ಮಾಡುತ್ತೇನೆ ಅಂತ ಹೇಳಿಲ್ಲ.

ನವೆಂಬರ್ 3

ಚಿತ್ರ ಬಿಡುಗಡೆಯಾಗಿದೆ. ಟ್ರಾಮಿನಲ್ಲಿ ಯಾರೋ ಹೆಂಗಸು "ಅಯ್ಯೋ, ಎಲೆಕೋಸಿನ ಹುಡುಗಿ!" ಎಂದಳು. ಮುಂದಿನ ಸ್ಟಾಪಿನಲ್ಲೇ ಇಳಿದುಬಿಟ್ಟೆ.

ಹೊಸ ಚಿತ್ರದಲ್ಲಿ ದೊಡ್ಡ ಪಾತ್ರವಂತೆ. ಊರಿಗೆ ಹೋಗಿ ರಜೆ ಮುಗಿಸಿ ಬಂದು ಹೇಳು ಅಂದಿದ್ದಾರೆ. ಬೇಕು. ತುಂಬಾ ಬೇಕು. ಆದರೆ ಅಮ್ಮ ಬೇಡ ಅಂದರೆ ಮಾಡಲಾರೆ. ಅಪ್ಪ ಯುದ್ಧದಿಂದ ಬರಲಿಲ್ಲ. ನಾಲ್ಕನೇ ಕ್ಲಾಸಿಗೇ ಶಾಲೆ ಬಿಟ್ಟು ಅಮ್ಮನ ಜೊತೆ ಹೊಲಕ್ಕೆ ಹೋದೆ. ಊರಿನವರು ನಮ್ಮನ್ನು ನೋಡಿ ನಗಬಾರದು — ಅಮ್ಮನಿಗೆ ಅದೊಂದೇ ಹಟ.

ನವೆಂಬರ್ 16, ಊರು

ಊರೂರಿಗೆ ಹೋಗಿ ಸಿನಿಮಾ ತೋರಿಸುವ ಲಾರಿ ಬಂದಿದೆ. ನಾಳೆ ಸಂಜೆ ಊರವರೆಲ್ಲ ಸೇರುವ ಕ್ಲಬ್ಬಿನಲ್ಲಿ ನನ್ನ ಚಿತ್ರ.

ಪಕ್ಕದ ಮನೆ ಅಗ್ರಫೇನಾ ಚಿಕ್ಕಮ್ಮ ಬೇಲಿಯಾಚೆಯಿಂದಲೇ — "ಏನೇ ದಾರ್ಯಾ, ಮಗಳದ್ದು ರಾಣಿ ಪಾರ್ಟಾ?"

"ನೋಡ್ತೀಯಲ್ಲ. ಜಾಗ ಸಿಗಲ್ಲ, ಬೇಗ ಬಾ," ಎಂದಳು ಅಮ್ಮ. ಹೂವಿನ ಶಾಲು ಇಸ್ತ್ರಿ ಮಾಡಿಟ್ಟಿದ್ದಾಳೆ. ಎಂಥ ಪಾರ್ಟು ಅಂತ ನಾನಿನ್ನೂ ಹೇಳಿಲ್ಲ.

ನವೆಂಬರ್ 18, ಬೆಳಿಗ್ಗೆ

ನಾನು ಕೊನೆಯ ಬೆಂಚು. ಅಮ್ಮ ಮುಂದಿನ ಸಾಲು. ನಾನು ನದಿಗೆ ಬಿದ್ದೆ, ಇಡೀ ಕ್ಲಬ್ಬು ನಕ್ಕಿತು. ಅಮ್ಮನ ಬೆನ್ನು ಅಲುಗಲಿಲ್ಲ. ಲಾರಿಯವರ ಹತ್ತಿರ ಇರುವುದು ಒಂದೇ ಯಂತ್ರ, ರೀಲು ಬದಲಿಸುವಾಗ ದೀಪ ಹಾಕುತ್ತಾರೆ. ದೀಪ ಬಂದರೆ ಎಲ್ಲರ ಕಣ್ಣೂ ಅಮ್ಮನ ಮೇಲೆ. ಎದ್ದಳು. ಯಾರ ಮುಖವನ್ನೂ ನೋಡದೆ ಹೊರಟುಹೋದಳು.

ಆಮೇಲಿನ ರೀಲುಗಳು ನೆನಪಿಲ್ಲ. ಹೊಸ ಪಾತ್ರ ಬೇಡ ಅಂತ ಮನಸ್ಸಿನಲ್ಲೇ ಹೇಳಿಯಾಗಿತ್ತು.

ಮನೆಗೆ ಬಂದರೆ ಹಿತ್ತಲಿನ ಸ್ನಾನದ ಗುಡಿಸಲಿಂದ ಹೊಗೆ. ಆವಿ ಎಬ್ಬಿಸುವ ಕಲ್ಲು ಕಾದಿದೆ. ಥಂಡಿ ಬಿಡಿಸಲು ಮೈಗೆ ಬಡಿಯುವ ಬರ್ಚ್ ಸೊಪ್ಪಿನ ಕಟ್ಟು ನೆನೆಸಿಟ್ಟಿದೆ.

"ಬಟ್ಟೆ ಬಿಚ್ಚು. ಎದೆಗೆ ಥಂಡಿ ಇಳಿದಿರುತ್ತೆ."

"ಅಮ್ಮಾ, ಅದು ಏಪ್ರಿಲ್‌ನಲ್ಲಿ ಬಿದ್ದಿದ್ದು..."

"ಏಪ್ರಿಲ್ ನೀರು ಹೇಗಿರುತ್ತೆ ನಂಗೊತ್ತಿಲ್ವಾ? ಆ ನಿರ್ದೇಶಕನನ್ನ ಯಾವ ತಾಯಿ ಹೆತ್ತಳೋ!"

ಸೊಪ್ಪಿನ ಕಟ್ಟಿನಿಂದ ಬೆನ್ನಿಗೆ ಬಡಿದಳು. ಬಡಿಯುತ್ತಿದ್ದ ಕೈ ನಿಂತಿತು. ತಿರುಗಿದೆ. ಆವಿಯಲ್ಲಿ ಬಾಯಿಗೆ ಕೈ ಅಡ್ಡ ಹಿಡಿದು ಅಮ್ಮ... ನಗುತ್ತಿದ್ದಾಳೆ.

"ಆ ಎಲೆಕೋಸು... ನಿನ್ನ ಹಿಂದೇನೇ ತೇಲ್ಕೊಂಡು..."

"ಇನ್ನೊಂದು ಚಿತ್ರ ಇದೆ. ಮಾಡಲಾ?"

"ಮಾಡು. ನೀರಿಗೆ ಬೀಳಿಸೋದಾದ್ರೆ ಬೇಸಿಗೇಲಿ ಬೀಳಿಸ್ಲಿ ಅಂತ ಹೇಳು."

ನವೆಂಬರ್ 20

ನಾಳೆ ರೈಲು. ಈ ಸಲ ಎಲ್ಲಿಂದ ಬೀಳ್ತೀಯ ಎಂದು ಅಮ್ಮ ಕೇಳಿದಳು. ಮದುಮಗಳ ಪಾತ್ರ, ಹುಲ್ಲಿನ ಅಟ್ಟದಿಂದ ಎಂದೆ. ತಕ್ಷಣ ಎದ್ದು ಹೊರಗೆ ಹೋದಳು.

ಈಗ ಕೂಗುತ್ತಿದ್ದಾಳೆ. ನಮ್ಮ ಅಟ್ಟದ ಕೆಳಗೆ ಹುಲ್ಲು ಹರವಿದ್ದಾಳಂತೆ, ಬಿದ್ದು ತೋರಿಸಬೇಕಂತೆ. ಅಗ್ರಫೇನಾ ಚಿಕ್ಕಮ್ಮನನ್ನೂ ಕರೆದಿದ್ದಾಳೆ — ನಗೋದಕ್ಕೆ ಜನ ಬೇಕಲ್ಲ, ಅಂತ... ಬಂದೆ ಅಮ್ಮಾ, ಬಂ—